ಆ ಹ್ಯಾಮ್ಲೆಟ್‌ನ ನೋಟ ಎಲ್ಲಿಂದ ಬಂತು?

ಪ್ರಶ್ನೆ: ನಮ್ಮದು ಶಿವಮೊಗ್ಗದ ಒಂದು ಸಣ್ಣ ಹವ್ಯಾಸಿ ರಂಗತಂಡ. ಈ ವರ್ಷ ‘ಹ್ಯಾಮ್ಲೆಟ್’ ಆಡಲು ಹೊರಟಿದ್ದೇವೆ. ತಾಲೀಮಿಗೆ ಮೊದಲು ಎಲ್ಲರೂ ಕೂಡಿ 1964ರ ರಷ್ಯನ್ ಚಿತ್ರವನ್ನು ನೋಡಿದೆವು. ಅಂದಿನಿಂದ ನಮ್ಮ ಹ್ಯಾಮ್ಲೆಟ್ ಪಾತ್ರಧಾರಿ ಆ ನಟನ ನೋಟವನ್ನು ಕನ್ನಡಿಯ ಮುಂದೆ ನಿಂತು ಅಭ್ಯಾಸ ಮಾಡುತ್ತಿದ್ದಾನೆ. ಗೆಳೆಯರೊಬ್ಬರು, ‘ಅದು ಅಭಿನಯವೇ ಅಲ್ಲ, ಆತ ನಾಜಿಗಳ ಸೆರೆಶಿಬಿರದಲ್ಲಿದ್ದವನು, ಆ ನೋಟ ಅಲ್ಲಿಂದ ಬಂದದ್ದು’ ಎಂದರು. ಇದು ನಿಜವೇ? ಆತ ನಟನೆಯನ್ನು ಎಲ್ಲಿ ಕಲಿತರು? ಅದೇ ನಟ ಕಾರು ಕದಿಯುವವನ ಕುರಿತ ಹಾಸ್ಯಚಿತ್ರದಲ್ಲೂ ಇದ್ದಾರಂತೆ, ನಂಬಲಾಗಲಿಲ್ಲ. ಸ್ವಲ್ಪ ವಿವರವಾಗಿ ತಿಳಿಸುವಿರಾ?

ಉತ್ತರ: ಮೊದಲು ನಿಮ್ಮ ಹುಡುಗನನ್ನು ಕನ್ನಡಿಯ ಮುಂದಿನಿಂದ ಕರೆತನ್ನಿ. ನೀವೆಲ್ಲ ನೋಟ ಎಂದು ತಿಳಿದದ್ದು ಕೇಳಿಸಿಕೊಳ್ಳುವವನ ಮುಖ. ಅದನ್ನು ಕನ್ನಡಿಯಲ್ಲಿ ಅಭ್ಯಾಸ ಮಾಡಲು ಬರುವುದಿಲ್ಲ, ಏಕೆಂದರೆ ಕನ್ನಡಿ ಮಾತನಾಡುವುದಿಲ್ಲ.

ನಿಮ್ಮ ಗೆಳೆಯರ ಮಾತಿನಲ್ಲಿ ಅರ್ಧ ನಿಜವಿದೆ. ಆ ನಟ ಇನ್ನೊಕೆಂತಿ ಸ್ಮೊಕ್ತುನೊವ್‌ಸ್ಕಿ. ಎರಡನೆಯ ಮಹಾಯುದ್ಧದಲ್ಲಿ ಆತ ಜರ್ಮನರ ಕೈಗೆ ಸಿಕ್ಕಿಬಿದ್ದದ್ದು, ತಪ್ಪಿಸಿಕೊಂಡದ್ದು ಎರಡೂ ನಿಜ. ಆದರೆ ಶಿಬಿರವೇ ನಟನನ್ನು ಮಾಡಿತು ಎಂಬ ಮಾತನ್ನು ನಾನು ಒಪ್ಪುವುದಿಲ್ಲ. ಲಕ್ಷಾಂತರ ಜನ ಸೆರೆಯಾದರು, ಹ್ಯಾಮ್ಲೆಟ್ ಆದವನು ಒಬ್ಬ. ಅಷ್ಟೇ ಅಲ್ಲ, ಸೆರೆಯಿಂದ ಬಂದು ಹನ್ನೆರಡು ವರ್ಷಗಳಾದ ಮೇಲೂ ಕ್ಯಾಮೆರಾದ ಮುಂದೆ ಈ ಮನುಷ್ಯನ ಬಾಯಿಂದ ಒಂದು ಸಾಲು ಮಾತು ಸರಿಯಾಗಿ ಹೊರಡುತ್ತಿರಲಿಲ್ಲ. ಆ ಕಥೆಗೆ ಆಮೇಲೆ ಬರುತ್ತೇನೆ.

ಹುಟ್ಟಿದ್ದು 1925ರ ಮಾರ್ಚ್ 28ರಂದು, ಸೈಬೀರಿಯಾದ ತೋಮ್ಸ್ಕ್ ಸೀಮೆಯ ತತ್ಯಾನೊವ್ಕಾ ಎಂಬ ಹಳ್ಳಿಯಲ್ಲಿ. ಮನೆತನದ ಹೆಸರು ಸ್ಮೊಕ್ತುನೊವಿಚ್, ‘ಸ್ಮೊಕ್ತುನೊವ್‌ಸ್ಕಿ’ ಆದದ್ದು ರಂಗಭೂಮಿಗೆ ಬಂದ ಮೇಲೆ. ರೈತಾಪಿ ಕುಟುಂಬಗಳು ಚೆಲ್ಲಾಪಿಲ್ಲಿಯಾಗುತ್ತಿದ್ದ ಕಾಲ ಅದು. ಹುಡುಗ ಕ್ರಾಸ್ನೊಯಾರ್ಸ್ಕ್ ನಗರದಲ್ಲಿ ಸೋದರತ್ತೆಯ ಮನೆಯಲ್ಲಿ ಬೆಳೆದ. ಶಾಲೆಯ ನಾಟಕ ತಂಡದಲ್ಲಿ ಚೆಕಾಫ್‌ನ ಒಂದು ಪ್ರಹಸನಕ್ಕೆ ಪಾತ್ರ ಸಿಕ್ಕಿತಂತೆ. ವೇದಿಕೆಗೆ ಬಂದವನಿಗೆ ಪ್ರೇಕ್ಷಕರ ನಗು ಅಂಟಿಕೊಂಡು, ತಾನೂ ನಗಲು ಶುರುಮಾಡಿ ನಿಲ್ಲಿಸಲಾಗದೆ, ನಾಟಕವೇ ಕೆಟ್ಟು, ತಂಡದಿಂದ ಹೊರದಬ್ಬಿಸಿಕೊಂಡ. ನಿಮ್ಮ ತಂಡದಲ್ಲಿಯೂ ಅಂಥವನೊಬ್ಬ ಇದ್ದೇ ಇರುತ್ತಾನೆ, ಅವನನ್ನು ಕಳುಹಿಸುವ ಮುನ್ನ ಎರಡು ಸಲ ಯೋಚಿಸಿ. ಆಮೇಲೆ ವೈದ್ಯ ಸಹಾಯಕರ ಶಾಲೆ, ಅದನ್ನು ಬಿಟ್ಟು ಚಿತ್ರಮಂದಿರದಲ್ಲಿ ಯಂತ್ರ ನಡೆಸುವ ತರಬೇತಿ. ಊರಿನ ನಾಟಕಶಾಲೆಯಲ್ಲಿ ಗುಂಪಿನ ದೃಶ್ಯಗಳಿಗೆ ನಿಲ್ಲುವ ಕೆಲಸವನ್ನೂ ಮಾಡಿದ.

ತಂದೆ 1942ರಲ್ಲಿ ಯುದ್ಧದಲ್ಲಿ ತೀರಿಕೊಂಡರು. ಮಗನಿಗೆ 1943ರ ಜನವರಿಯಲ್ಲಿ ಕರೆ ಬಂತು. ಅಧಿಕಾರಿಗಳ ತರಬೇತಿ ಶಾಲೆಗೆ ಸೇರಿದವನು ಪಾಠದ ವೇಳೆಯಲ್ಲಿ ಗದ್ದೆಯಲ್ಲಿ ಉಳಿದುಹೋಗಿದ್ದ ಆಲೂಗಡ್ಡೆ ಆಯ್ದು ಸಿಕ್ಕಿಬಿದ್ದ. ಹಸಿವು, ಇನ್ನೇನು. ಶಿಕ್ಷೆಯಾಗಿ ಸಾಮಾನ್ಯ ಸಿಪಾಯಿಯಾಗಿ ರಣರಂಗಕ್ಕೆ ಅಟ್ಟಿದರು. ಕುರ್ಸ್ಕ್ ಕದನ, ನೀಪರ್ ನದಿ ದಾಟುವ ಕಾಳಗ ಎರಡನ್ನೂ ಕಂಡ. ನೀಪರ್‌ನಲ್ಲಿ ಗುಂಡಿನ ಮಳೆಯ ನಡುವೆ ಹೊಳೆ ದಾಟಿ ವರದಿಗಳನ್ನು ತಲುಪಿಸಿದ್ದಕ್ಕೆ ಶೌರ್ಯ ಪದಕ ಘೋಷಣೆಯಾಯಿತು. 1943ರ ಡಿಸೆಂಬರ್ ಆರಂಭದಲ್ಲಿ ಝಿಟೋಮಿರ್ ಬಳಿ ಸೆರೆ. ಹೆಚ್ಚು ಕಡಿಮೆ ಒಂದು ತಿಂಗಳು ಶಿಬಿರಗಳಲ್ಲಿ ಕಳೆದು, ಕೈದಿಗಳನ್ನು ಸಾಲಾಗಿ ನಡೆಸಿಕೊಂಡು ಹೋಗುತ್ತಿದ್ದಾಗ ತಪ್ಪಿಸಿಕೊಂಡ. ಉಕ್ರೇನಿನ ಒಂದು ಹಳ್ಳಿಯ ರೈತಾಪಿ ಮನೆಯವರು, ಸಿಕ್ಕಿಬಿದ್ದರೆ ತಮ್ಮ ತಲೆಯೇ ಹೋಗುತ್ತದೆಂದು ಗೊತ್ತಿದ್ದೂ, ಆ ಒಣಗಿದ ಹುಡುಗನನ್ನು ಒಳಗೆ ಸೇರಿಸಿಕೊಂಡು ಬದುಕಿಸಿದರು. ಚೇತರಿಸಿಕೊಂಡು ಪಾರ್ಟಿಸಾನರ ಗೆರಿಲ್ಲಾ ದಳ ಸೇರಿ, ಅಲ್ಲಿಂದ ಮತ್ತೆ ಸೈನ್ಯಕ್ಕೆ ಮರಳಿ, ವಾರ್ಸಾದ ಬಿಡುಗಡೆಯಲ್ಲೂ ಇದ್ದು, ಯುದ್ಧ ಮುಗಿದಾಗ ಜರ್ಮನಿಯ ನೆಲದ ಮೇಲಿದ್ದ.

ನೀವು ಕೇಳಿದ ಶಿಬಿರದ ಕಥೆ ಇಷ್ಟೇ. ನನಗೆ ಅದಕ್ಕಿಂತ ಮುಖ್ಯವಾಗಿ ಕಾಣುವುದು ಅದರ ನಂತರದ ಹತ್ತು ವರ್ಷ. ಶತ್ರುವಿನ ಕೈಗೆ ಸಿಕ್ಕುವುದೇ ದೇಶದ್ರೋಹ ಎಂಬ ಅರ್ಥದ ಆಜ್ಞೆಯನ್ನು ಸ್ಟಾಲಿನ್ 1941ರ ಆಗಸ್ಟ್‌ನಲ್ಲಿ ಹೊರಡಿಸಿದ್ದ. ಸೆರೆಯಿಂದ ಬದುಕಿ ಬಂದವನ ಕಡತದಲ್ಲಿ ಆ ಕಲೆ ಉಳಿದೇ ಹೋಯಿತು. ಅಂಥವರಿಗೆ ದೊಡ್ಡ ನಗರಗಳಲ್ಲಿ ನೆಲೆಸಲು ಅನುಮತಿ ಇರಲಿಲ್ಲ. ಪದಕದ ಅರ್ಹತೆ ಪಡೆದವನೇ ಅನುಮಾನಿತನೂ ಆಗಿದ್ದ. ಕ್ರಾಸ್ನೊಯಾರ್ಸ್ಕ್‌ನ ನಾಟಕಶಾಲೆಗೆ ಹೊಂದಿಕೊಂಡಿದ್ದ ಒಂದು ಅಭಿನಯ ತರಗತಿಯಲ್ಲಿ ಸ್ವಲ್ಪ ಕಾಲ ಕಲಿತದ್ದುಂಟು. ಆತ ಎಲ್ಲಿ ಕಲಿತರು ಎಂಬ ನಿಮ್ಮ ಪ್ರಶ್ನೆಗೆ ಕಾಗದದ ಮೇಲಿನ ಉತ್ತರ ಅದೊಂದೇ. ಮಾಸ್ಕೋದ ಹೆಸರುವಾಸಿ ಚಲನಚಿತ್ರ ಸಂಸ್ಥೆಯ ಮೆಟ್ಟಿಲನ್ನು ವಿದ್ಯಾರ್ಥಿಯಾಗಿ ಹತ್ತಲೇ ಇಲ್ಲ.

1946ರಲ್ಲಿ ಆತ ಒಂದು ವಿಚಿತ್ರ ಲೆಕ್ಕ ಹಾಕಿದರು. ಹೇಗೂ ಎಂದಾದರೊಮ್ಮೆ ಹಿಡಿದು ಗಡೀಪಾರು ಮಾಡುತ್ತಾರೆ, ಅದಕ್ಕಿಂತ ಮೊದಲೇ ಗಡೀಪಾರಾದವರ ಊರಿಗೆ ತಾನೇ ಹೋಗಿಬಿಟ್ಟರೆ? ಆ ಊರು ನೊರಿಲ್ಸ್ಕ್. ಉತ್ತರ ಧ್ರುವ ವೃತ್ತದ ಆಚೆ, ನಿಕ್ಕಲ್ ಗಣಿಗಾಗಿ ಕೈದಿಗಳ ಕೈಯಿಂದ ಕಟ್ಟಿಸಿದ ಊರು. ಚಳಿಗಾಲದಲ್ಲಿ ಸುಮಾರು ಒಂದೂವರೆ ತಿಂಗಳು ಅಲ್ಲಿ ಸೂರ್ಯ ಹುಟ್ಟುವುದೇ ಇಲ್ಲ. ಆ ಕತ್ತಲೆಯಲ್ಲೊಂದು ನಾಟಕಶಾಲೆ. ನಟರಲ್ಲಿ ಕೆಲವರು ಶಿಕ್ಷೆ ಮುಗಿಸಿದವರು, ಕೆಲವರು ಇನ್ನೂ ಗಡೀಪಾರಿನಲ್ಲಿದ್ದವರು. ಅಲ್ಲಿ ಸಿಕ್ಕವರು ಗಿಯೋರ್ಗಿ ಝ್ಯೋನೊವ್. 1938ರಲ್ಲಿ ಬಂಧಿತರಾಗಿ ಕೊಲಿಮಾದ ಚಿನ್ನದ ಗಣಿಗಳ ಸೀಮೆಯನ್ನು ಕಂಡು, ಬಿಡುಗಡೆಯಾಗಿ, 1949ರಲ್ಲಿ ಮತ್ತೆ ಬಂಧಿತರಾಗಿ ನೊರಿಲ್ಸ್ಕ್‌ಗೆ ಬಂದಿದ್ದ ನಟ. ಈ ಹುಡುಗನಲ್ಲಿ ಏನೋ ಇದೆ ಎಂದು ಮೊದಲು ಕಂಡುಕೊಂಡವರಲ್ಲಿ ಅವರೂ ಒಬ್ಬರು. ತಾನು ಊರು ಬಿಟ್ಟು ಕದಲುವಂತಿಲ್ಲ, ನೀನಾದರೂ ಹೊರಡು ಎಂದು ದುಂಬಾಲು ಬಿದ್ದರು. ಹೋಗಿ ದೊಡ್ಡ ಊರುಗಳ ರಂಗಮಂದಿರಗಳ ಬಾಗಿಲು ತಟ್ಟಲು ಧೈರ್ಯವನ್ನೂ ನೆರವನ್ನೂ ಕೊಟ್ಟರು.

ಗಮನಿಸಿ, ಯಾರ ಮುಂದೆ ಏನು ಹೇಳಬೇಕು, ಏನನ್ನು ಹೇಳಬಾರದು ಎಂದು ದಿನವೂ ತೂಗಿ ನೋಡಬೇಕಾದ ಊರದು. ಎದುರಿಗಿರುವವನು ಬಾಯಿ ತೆರೆಯುವ ಮೊದಲೇ ಅವನ ಮನಸ್ಸನ್ನು ಓದಬೇಕು. ಅಲ್ಲಿ ಸುಮಾರು ಐದು ವರ್ಷ ಪ್ರತಿ ರಾತ್ರಿ ಬಣ್ಣ ಹಚ್ಚಿದವನು ಏನು ಕಲಿತಿರಬೇಕೆಂದು ನೀವೇ ಊಹಿಸಿ. ಇದು ನನ್ನ ಊಹೆ ಮಾತ್ರ. ಆದರೆ ಆತನ ಚಿತ್ರಗಳನ್ನು ನೋಡಿದಷ್ಟೂ ಈ ಊಹೆ ಗಟ್ಟಿಯಾಗಿದೆ.

ಚಳಿಗೂ ಸತ್ವವಿಲ್ಲದ ಊಟಕ್ಕೂ ಆರೋಗ್ಯ ಕೆಟ್ಟಿತು. ನೊರಿಲ್ಸ್ಕ್ ಬಿಟ್ಟು ಕ್ಯಾಸ್ಪಿಯನ್ ತೀರದ ಮಖಚ್ಕಲಾ, ಅಲ್ಲಿಂದ ಸ್ಟಾಲಿನ್‌ಗ್ರಾಡ್. 1955ರಲ್ಲಿ ಮಾಸ್ಕೋ. ಮೂವತ್ತರ ಹತ್ತಿರ ಬಂದ, ಪದವಿಯೂ ಹೆಸರೂ ಇಲ್ಲದ ನಟನನ್ನು ಯಾವ ರಂಗಮಂದಿರವೂ ಒಳಗೆ ಬಿಟ್ಟುಕೊಳ್ಳಲಿಲ್ಲ. ಉಡಲು ಬೇರೆ ಬಟ್ಟೆಯಿಲ್ಲದೆ ಸೆಕೆಗಾಲದಲ್ಲೂ ಹಿಮದ ಮೇಲೆ ಜಾರುವವರು ತೊಡುವ ದಪ್ಪ ಉಡುಪಿನಲ್ಲೇ ಅಲೆಯುತ್ತಿದ್ದರೆಂಬುದು ಪ್ರಸಿದ್ಧ ಸಂಗತಿ. ಲೆನ್‌ಕಾಮ್ ರಂಗಮಂದಿರದ ವೇಷಭೂಷಣ ವಿಭಾಗದಲ್ಲಿದ್ದ ಶುಲಮಿಫ್ ಪರಿಚಯವಾದದ್ದು ಈ ಅಲೆದಾಟದ ಕಾಲದಲ್ಲೇ, ಮುಂದೆ ಮದುವೆಯೂ ಆಯಿತು.

ಈಗ ಆ ಬಾಯಿಂದ ಹೊರಡದ ಸಾಲಿನ ಕಥೆ. ಮಿಖಾಯಿಲ್ ರೋಮ್ ಆ ಕಾಲದ ಹಿರಿಯ ನಿರ್ದೇಶಕರು. 1956ರಲ್ಲಿ ತೆರೆಗೆ ಬಂದ ಅವರ ಚಿತ್ರವೊಂದರಲ್ಲಿ ಸ್ಮೊಕ್ತುನೊವ್‌ಸ್ಕಿಗೆ ಒಂದು ಪುಟ್ಟ ಪಾತ್ರ ಸಿಕ್ಕಿತು, ಫ್ಯಾಸಿಸ್ಟ್ ಯುವಕನದ್ದು. ದೀಪಗಳು ಹೊತ್ತಿಕೊಂಡ ಕೂಡಲೇ ಈತನ ನಾಲಿಗೆ ಕಟ್ಟಿಕೊಂಡಿತು. ಒಂದು ಸಲ, ಎರಡು ಸಲ, ಮತ್ತೆ ಮತ್ತೆ ಚಿತ್ರೀಕರಿಸಿದರೂ ಮಾತು ತೊದಲಿತು. ಸುತ್ತಲಿದ್ದವರು ಗೊಣಗಲು ಶುರುಮಾಡಿದರು, ಬೇರೆಯವನನ್ನು ಕರೆಸೋಣ ಎಂಬ ಮಾತೂ ಬಂತು. ರೋಮ್ ಒಪ್ಪಲಿಲ್ಲ, ಕಾದರು. ಅವರು ಅಂದು ಕಾಯದಿದ್ದರೆ ಏನಾಗುತ್ತಿತ್ತು ಎಂದು ಯೋಚಿಸಿದರೆ ಇಂದಿಗೂ ನನಗೆ ಕಸಿವಿಸಿಯಾಗುತ್ತದೆ. ತಾಲೀಮಿನಲ್ಲಿ ಹುಡುಗರ ಮೇಲೆ ಹರಿಹಾಯುವ ನಿರ್ದೇಶಕ ನಿಮ್ಮ ತಂಡದಲ್ಲಿದ್ದರೆ ಅವರಿಗೆ ಇದನ್ನು ಓದಿ ಹೇಳಿ.

ಅದೇ ವರ್ಷ ಸ್ಟಾಲಿನ್‌ಗ್ರಾಡ್ ಕಂದಕಗಳ ಕುರಿತ ‘ಸೈನಿಕರು’ ಎಂಬ ಚಿತ್ರದಲ್ಲಿ ಫಾರ್ಬರ್ ಎಂಬ ಅಧಿಕಾರಿಯ ಪಾತ್ರ ಮಾಡಿದರು. ಯುದ್ಧಚಿತ್ರಗಳ ಗಟ್ಟಿ ದವಡೆಯ ವೀರನಲ್ಲ ಈತ. ಮೆಲುದನಿಯ, ಕನ್ನಡಕದ, ಯುದ್ಧಕ್ಕೆ ಹೇಳಿ ಮಾಡಿಸಿದವನಲ್ಲದ ಮನುಷ್ಯ. ನಿಜವಾದ ಯುದ್ಧವನ್ನು ಕಂಡವನಿಗೇ ಇಂಥ ಸೈನಿಕನನ್ನು ಆಡಲು ಬರುತ್ತದೇನೋ. ಆ ಕಣ್ಣುಗಳು ಲೆನಿನ್‌ಗ್ರಾಡ್‌ನ ದೊಡ್ಡ ರಂಗಮಂದಿರದ ನಿರ್ದೇಶಕ ಗಿಯೋರ್ಗಿ ತೊವ್‌ಸ್ತೊನೋಗೊವ್ ಅವರ ಮನಸ್ಸಿನಲ್ಲಿ ಕುಳಿತವು. ಅವರು ಆಗ ದಸ್ತಯೇವ್‌ಸ್ಕಿಯ ‘ಈಡಿಯಟ್’ ಕಾದಂಬರಿಯನ್ನು ರಂಗಕ್ಕೆ ತರುತ್ತಿದ್ದರು. ರಾಜಕುಮಾರ ಮೀಷ್ಕಿನ್ ಪಾತ್ರಕ್ಕೆ ಸ್ಮೊಕ್ತುನೊವ್‌ಸ್ಕಿಯನ್ನು ಕರೆಸಿಕೊಂಡರು.

ತಾಲೀಮು ನರಕವಾಯಿತು. ಪಾತ್ರ ಸಿಗಲಿಲ್ಲ. ಬಿಟ್ಟು ಓಡಿಹೋಗುವಷ್ಟು ಬೇಸತ್ತಿದ್ದಾಗ ಒಂದು ದಿನ ಲೆನ್‌ಫಿಲ್ಮ್ ಸ್ಟುಡಿಯೋದಲ್ಲಿ, ಗಜಿಬಿಜಿ ಜನರ ನಡುವೆ, ಒಬ್ಬ ಮನುಷ್ಯ ನಿಂತುಕೊಂಡೇ ಪುಸ್ತಕ ಓದುತ್ತಿದ್ದುದು ಕಣ್ಣಿಗೆ ಬಿತ್ತು. ಸುತ್ತಲಿನ ಗದ್ದಲ ಅವನನ್ನು ಮುಟ್ಟುತ್ತಲೇ ಇರಲಿಲ್ಲ. ಅವನ ನಿಲುವಿನಲ್ಲಿ ಮೀಷ್ಕಿನ್ ಸಿಕ್ಕಿಬಿಟ್ಟ. ಆ ಮನುಷ್ಯ ಸ್ಟಾಲಿನ್ ಕಾಲದ ಶಿಬಿರಗಳಲ್ಲಿ ಬಹಳ ವರ್ಷ ಕಳೆದು ಬಂದವನೆಂದು ಸ್ಮೊಕ್ತುನೊವ್‌ಸ್ಕಿಗೆ ಗೊತ್ತಾದದ್ದು ಆಮೇಲೆ. ಅಂದರೆ ನಿಮ್ಮ ಗೆಳೆಯರು ಹೇಳಿದ ‘ಶಿಬಿರದ ನೋಟ’ ಎಂಬುದು ಇದ್ದರೆ, ಅದನ್ನು ಈ ನಟ ಇನ್ನೊಬ್ಬನ ಮೈಯಲ್ಲಿ ಕಂಡು ಎತ್ತಿಕೊಂಡದ್ದು. ತನ್ನ ನೋವನ್ನೇ ವೇದಿಕೆಗೆ ಎಳೆದು ತಂದದ್ದಲ್ಲ. ನಟನ ಕೆಲಸ ಅಲ್ಲಿದೆ.

1957ರ ಡಿಸೆಂಬರ್ 31ರಂದು ನಾಟಕ ತೆರೆ ಕಂಡಿತು. ಜನ ರೈಲು ಹತ್ತಿ ಲೆನಿನ್‌ಗ್ರಾಡ್‌ಗೆ ಬರತೊಡಗಿದರು. ಬೊಬ್ಬೆ ಹಾಕುವ ವೀರರನ್ನೇ ನೋಡಿದ್ದವರ ಮುಂದೆ, ಬೆರಳುಗಳಲ್ಲೂ ಕೊರಳಿನ ಬಾಗಿನಲ್ಲೂ ಮಾತನಾಡುವ, ಎದುರಿನವನ ನೋವು ತನಗೇ ತಾಗಿದಂತೆ ಮುಖ ಮಾಡುವ ಒಬ್ಬ ಬಂದು ನಿಂತಿದ್ದ. ನಮ್ಮ ಲಾಕ್ಷಣಿಕರು ಸಾತ್ವಿಕ ಅಭಿನಯ, ಅಂದರೆ ಒಳಗಿನ ಭಾವವೇ ಮೈಯಲ್ಲಿ ಮೂಡುವುದು, ಎಂದು ಯಾವುದನ್ನು ಆಂಗಿಕ (ಮೈ), ವಾಚಿಕ (ಮಾತು), ಆಹಾರ್ಯ (ವೇಷ) ಅಭಿನಯಗಳಿಂದ ಬೇರೆಯಾಗಿಟ್ಟರೋ ಅದಕ್ಕೆ ನನಗೆ ತೋಚುವ ಅತ್ಯುತ್ತಮ ಉದಾಹರಣೆ ಈ ನಟನೇ. ಮುಂದೆ 1966ರಲ್ಲಿ ಈ ನಾಟಕವನ್ನು ಲಂಡನ್ ಮತ್ತು ಪ್ಯಾರಿಸ್‌ಗೂ ಒಯ್ದರು.

ನಾಟಕಶಾಲೆಯ ದಿನದಿನದ ಗಾಣಕ್ಕೆ ಒಗ್ಗದೆ 1960ರಲ್ಲಿ ಅದನ್ನು ಬಿಟ್ಟು ಸಿನಿಮಾದ ಕಡೆ ಹೊರಳಿದರು. ಕಾದಿದ್ದ ರೋಮ್ ಮತ್ತೆ ಕರೆದರು. 1962ರ ‘ಒಂದು ವರ್ಷದ ಒಂಬತ್ತು ದಿನಗಳು’ ಚಿತ್ರದಲ್ಲಿ ಅಣುವಿಜ್ಞಾನಿ ಕುಲಿಕೋವ್ ಆದರು. ಅಲೆಕ್ಸೇಯ್ ಬತಾಲೊವ್ ಆಡಿದ ಗೂಸೆವ್ ವಿಕಿರಣಕ್ಕೆ ಮೈಯೊಡ್ಡುವ ಆದರ್ಶವಾದಿ, ಕುಲಿಕೋವ್ ಪ್ರತಿಯೊಂದನ್ನೂ ನಗೆಯ ಅಂಚಿನಲ್ಲಿಟ್ಟು ನೋಡುವ ಜಾಣ. ಕಾಗದದ ಮೇಲೆ ಬತಾಲೊವ್‌ನದೇ ನಾಯಕನ ಪಾತ್ರ. ಚಿತ್ರ ಮುಗಿದಾಗ ನಿಮ್ಮ ತಲೆಯಲ್ಲಿ ಉಳಿಯುವವನು ಯಾರೆಂದು ನೋಡಿ ಹೇಳಿ.

ಇನ್ನು ಹ್ಯಾಮ್ಲೆಟ್. ನಿರ್ದೇಶಕ ಗ್ರಿಗೋರಿ ಕೋಜಿಂತ್ಸೆವ್ ಈ ನಾಟಕವನ್ನು ಬಹಳ ವರ್ಷಗಳಿಂದ ಹೊತ್ತು ತಿರುಗುತ್ತಿದ್ದವರು. ಸ್ಟಾಲಿನ್ ಸತ್ತ ಮರುವರ್ಷವೇ, 1954ರಲ್ಲಿ, ಲೆನಿನ್‌ಗ್ರಾಡ್ ರಂಗದ ಮೇಲೆ ಇದನ್ನು ಆಡಿಸಿದ್ದರು. ಚಿತ್ರಕ್ಕೂ ಕವಿ ಬೊರಿಸ್ ಪಾಸ್ತರ್ನಾಕ್ ಅನುವಾದವನ್ನೇ ಬಳಸಿದರು, ಸಂಗೀತ ಶೊಸ್ತಕೋವಿಚ್ ಅವರದು. ಚಿತ್ರ ತೆರೆಕಂಡದ್ದು 1964ರ ಏಪ್ರಿಲ್‌ನಲ್ಲಿ, ಶೇಕ್ಸ್‌ಪಿಯರ್ ಹುಟ್ಟಿ ನಾನ್ನೂರು ವರ್ಷ ತುಂಬಿದ ಹೊತ್ತಿಗೆ. ಡೆನ್ಮಾರ್ಕೇ ಒಂದು ಸೆರೆಮನೆ ಎಂಬ ಮಾತು ನಾಟಕದಲ್ಲಿದೆಯಲ್ಲ, ಕೋಜಿಂತ್ಸೆವ್ ಅದನ್ನು ಅಕ್ಷರಶಃ ತೆಗೆದುಕೊಂಡರು. ರಾಜಕುಮಾರ ಕುದುರೆಯೇರಿ ಕೋಟೆಯೊಳಕ್ಕೆ ಬಂದ ಮೇಲೆ ಸೇತುವೆ ಮೇಲಕ್ಕೇಳುವ ಆರಂಭದ ದೃಶ್ಯವನ್ನು ನೆನಪಿಸಿಕೊಳ್ಳಿ. ನೊರಿಲ್ಸ್ಕ್‌ನಲ್ಲಿ ಬದುಕಿದ್ದವನಿಗೆ ಅದನ್ನು ಯಾರೂ ವಿವರಿಸಿ ಹೇಳಬೇಕಾಗಿರಲಿಲ್ಲ.

ನಿಮ್ಮ ಹುಡುಗ ನೋಡಬೇಕಾದ್ದು ಸ್ವಗತಗಳನ್ನು. ನಮ್ಮ ವೇದಿಕೆಯ ಮೇಲೆ ಸ್ವಗತ ಎಂದರೆ ಮುಂದಕ್ಕೆ ಬಂದು, ಬೆಳಕಿನಲ್ಲಿ ನಿಂತು, ಸಭೆಗೆ ಒಪ್ಪಿಸುವ ಮಾತು. ಈ ಚಿತ್ರದಲ್ಲಿ ಮೊದಲ ಸ್ವಗತ ಬರುವುದು ಹ್ಯಾಮ್ಲೆಟ್ ಆಸ್ಥಾನದ ಜನಜಂಗುಳಿಯ ನಡುವೆ ನಡೆಯುತ್ತಿರುವಾಗ. ತುಟಿ ಅಲ್ಲಾಡುವುದಿಲ್ಲ, ದನಿ ಮಾತ್ರ ಒಳಗಿನಿಂದ ಕೇಳುತ್ತದೆ. ಸುತ್ತ ನಗು, ವಂದನೆ, ಮುಗುಳುನಗೆಗಳು. ಯಾರಿಗೂ ಗೊತ್ತಾಗದಂತೆ ಒಬ್ಬ ಯೋಚಿಸುತ್ತಿದ್ದಾನೆ. ‘ಇರುವುದೋ ಇಲ್ಲದಿರುವುದೋ’ ಎಂಬುದೂ ಹಾಗೆಯೇ, ಕಡಲ ಬಂಡೆಗಳ ನಡುವೆ ಬಾಯಿ ಮುಚ್ಚಿ ನಡೆಯುವ ಮನುಷ್ಯನ ಒಳದನಿ. ಯೋಚಿಸುವುದೇ ಅಪರಾಧವಾಗಿದ್ದ ದೇಶದಲ್ಲಿ ಯೋಚನೆಯನ್ನು ಮುಖದ ಮೇಲೆ ಬಾರದಂತೆ ಇಟ್ಟುಕೊಂಡು, ಆದರೂ ಪ್ರೇಕ್ಷಕನಿಗೆ ಮಾತ್ರ ಕಾಣಿಸುವುದು ಹೇಗೆ? ಆತ ಮಾಡಿದ ಕೆಲಸ ಇದು. ನಿಮ್ಮ ಹುಡುಗನಿಗೆ ತೀಕ್ಷ್ಣ ನೋಟವಾಗಿ ಕಂಡದ್ದು ಈ ತಡೆಹಿಡಿದದ್ದರ ಭಾರ. ಹೊರಗಿನ ಗೆರೆಯನ್ನಷ್ಟೇ ನಕಲು ಮಾಡಿದರೆ ಉಳಿಯುವುದು ಹಲ್ಲುನೋವಿನವನ ಮುಖ.

ಇನ್ನೊಂದು ದೃಶ್ಯ ಕೊಳಲಿನದು. ಹಳೆಯ ಗೆಳೆಯರಿಬ್ಬರು ರಾಜನ ಪರವಾಗಿ ಬೇಹುಗಾರಿಕೆಗೆ ಬಂದಿದ್ದಾರೆ. ಹ್ಯಾಮ್ಲೆಟ್ ಕೊಳಲು ಕೊಟ್ಟು ನುಡಿಸಿ ಎನ್ನುತ್ತಾನೆ, ಬರುವುದಿಲ್ಲ ಎನ್ನುತ್ತಾರೆ. ಈ ಮರದ ತುಂಡನ್ನು ನುಡಿಸಲು ಬಾರದವರು ನನ್ನನ್ನು ನುಡಿಸಲು ಹೊರಟಿರಲ್ಲ ಎಂಬುದು ಅವನ ಮಾತಿನ ತಾತ್ಪರ್ಯ. ಸೋವಿಯತ್ ಪ್ರೇಕ್ಷಕರಿಗೆ ಆ ಗೆಳೆಯರು ಯಾರೆಂದು ಟಿಪ್ಪಣಿ ಬೇಕಿರಲಿಲ್ಲ. ನನಗೆ ಇಡೀ ಚಿತ್ರದ ಶಿಖರ ಇದೇ.

ನಟನಿಗೂ ನಿರ್ದೇಶಕರಿಗೂ ಈ ಚಿತ್ರದ ಉದ್ದಕ್ಕೂ ಹೊಂದಾಣಿಕೆ ಸುಲಭವಾಗಿರಲಿಲ್ಲ, ತನ್ನ ಹ್ಯಾಮ್ಲೆಟ್ ಬಗ್ಗೆ ಸ್ಮೊಕ್ತುನೊವ್‌ಸ್ಕಿಗೆ ಪೂರ್ತಿ ತೃಪ್ತಿಯೂ ಇರಲಿಲ್ಲ. ಲೋಕಕ್ಕೆ ಇತ್ತು. ಅದೇ ವರ್ಷ ವೆನಿಸ್ ಉತ್ಸವದಲ್ಲಿ ತೀರ್ಪುಗಾರರ ವಿಶೇಷ ಬಹುಮಾನ, 1965ರಲ್ಲಿ ಲೆನಿನ್ ಪ್ರಶಸ್ತಿ. ಹತ್ತೊಂಬತ್ತು ವರ್ಷಗಳ ಹಿಂದೆ ಗಡೀಪಾರಿಗೆ ಹೆದರಿ ಧ್ರುವದ ಕತ್ತಲೆಗೆ ಓಡಿದ್ದವನ ಎದೆಗೆ ಅದೇ ಸರ್ಕಾರ ತನ್ನ ಅತಿದೊಡ್ಡ ಪದಕಗಳಲ್ಲೊಂದನ್ನು ಸಿಕ್ಕಿಸಿತು.

ಇಲ್ಲೊಂದು ಅಡ್ಡಮಾತು. ಹ್ಯಾಮ್ಲೆಟ್‌ನನ್ನು ಪ್ರತಿಯೊಂದು ನಾಡೂ ತನ್ನ ಕೋಟೆಯೊಳಕ್ಕೆ ಕರೆತಂದುಕೊಂಡಿದೆ. ಕುವೆಂಪು ‘ರಕ್ತಾಕ್ಷಿ’ಯಲ್ಲಿ ಅವನನ್ನು ಬಿದನೂರಿಗೆ ಕರೆತಂದರು, ನಿಮ್ಮ ಜಿಲ್ಲೆಯ ಕೋಟೆಯೇ ಅದು. ಈಗ ‘ನಗರ’ ಎಂದು ಕರೆಯುವ ಆ ಊರಿನ ಕೋಟೆಗೆ ನೀವು ಒಂದೇ ದಿನದಲ್ಲಿ ಹೋಗಿ ಬರಬಹುದು. ಆ ಚಿತ್ರದ ಕೆಲವು ದೃಶ್ಯಗಳನ್ನು ತೆಗೆದ ಎಸ್ತೋನಿಯಾದ ಕಡಲ ತೀರವನ್ನು ತೆರೆಯ ಮೇಲೆ ನೋಡಿ ನಕಲು ಮಾಡುವ ಬದಲು ಇಡೀ ತಂಡ ಒಮ್ಮೆ ಅಲ್ಲಿಗೆ ಹೋಗಿ ಬಂದರೆ ಲಾಭವಿದೆ.

ಈಗ ಕಾರು ಕಳ್ಳ. ನಿಮಗೆ ನಂಬಲಾಗಲಿಲ್ಲ ಎಂದಿರಿ. ಎಲ್ದಾರ್ ರ್ಯಜಾನೊವ್ ನಿರ್ದೇಶಿಸಿದ, 1966ರ ‘ಕಾರಿನ ಬಗ್ಗೆ ಎಚ್ಚರ’ ಆ ಚಿತ್ರ. ಯೂರಿ ದೆತೋಚ್ಕಿನ್ ವಿಮಾ ಏಜೆಂಟ್. ಲಂಚಕೋರರು, ಕಾಳಸಂತೆಯವರು ಕೊಂಡ ಕಾರುಗಳನ್ನು ಮಾತ್ರ ಹುಡುಕಿ ಕದಿಯುತ್ತಾನೆ, ಮಾರಿದ ಹಣವನ್ನು ಅನಾಥಾಲಯಗಳಿಗೆ ಕಳುಹಿಸುತ್ತಾನೆ, ಪೈಸೆ ಪೈಸೆಗೂ ಲೆಕ್ಕ ಇಡುತ್ತಾನೆ. ಸರ್ಕಸ್ ವಿದೂಷಕ ಯೂರಿ ನಿಕೂಲಿನ್ ಆಡಬೇಕೆಂಬ ಯೋಚನೆ ಮೊದಲು ಇತ್ತು. ಸ್ಮೊಕ್ತುನೊವ್‌ಸ್ಕಿ ಅನಾರೋಗ್ಯದಿಂದ ಬಳಲಿ ಒಲ್ಲೆ ಎಂದಾಗ ರ್ಯಜಾನೊವ್ ಲೆನಿನ್‌ಗ್ರಾಡಿಗೇ ಹೋಗಿ, ಬಿಡದೆ ಕಾಡಿ, ಒಪ್ಪಿಗೆಯನ್ನು ಕಾಗದದ ಮೇಲೆ ಬರೆಸಿಕೊಂಡು ಬಂದರಂತೆ. ಹಳೆಯ ಸಾಲ ವಸೂಲಿಗೆ ಹೋದವರ ಹಾಗೆ.

ಈ ಚಿತ್ರವನ್ನು ನಿಮ್ಮ ತಂಡ ನೋಡಲೇಬೇಕು, ಅದಕ್ಕೆ ಬೇರೊಂದು ಕಾರಣವಿದೆ. ಕಳ್ಳನೂ ಅವನನ್ನು ಹುಡುಕುತ್ತಿರುವ ತನಿಖಾಧಿಕಾರಿಯೂ ಒಂದೇ ಹವ್ಯಾಸಿ ರಂಗತಂಡದ ಸದಸ್ಯರು. ಆ ತಂಡ ಆಡಲು ಹೊರಟಿರುವ ನಾಟಕ ಹ್ಯಾಮ್ಲೆಟ್! ನಮ್ಮ ವಿಲಿಯಂ ಶೇಕ್ಸ್‌ಪಿಯರ್‌ಗೆ ನಾವೂ ಯಾಕೆ ಕೈಹಾಕಬಾರದು ಎಂಬರ್ಥದ ಮಾತನ್ನು ಅದರ ನಿರ್ದೇಶಕ ಹೇಳುತ್ತಾನೆ. ಅದು ರಷ್ಯನ್ನರ ನಡುವೆ ಗಾದೆಯಂತೆ ಉಳಿದುಬಿಟ್ಟಿದೆ. ಎರಡು ವರ್ಷಗಳ ಹಿಂದೆ ಲೋಕ ಕೊಂಡಾಡಿದ ಹ್ಯಾಮ್ಲೆಟ್ ಇಲ್ಲಿ ಹವ್ಯಾಸಿ ಉತ್ಸಾಹಿಗಳ ವೇದಿಕೆಯಲ್ಲಿ ಹ್ಯಾಮ್ಲೆಟ್ ವೇಷ ಹಾಕಿದ್ದಾನೆ, ತನಿಖಾಧಿಕಾರಿಯೇ ಹ್ಯಾಮ್ಲೆಟ್‌ನ ಎದುರಾಳಿ ಲೇರ್ಟಸ್. ತನ್ನ ಕಿರೀಟವನ್ನು ತಾನೇ ತೆಗೆದು ಚೆಂಡಾಡುವ ಧೈರ್ಯ ಎಷ್ಟು ನಟರಿಗಿದೆ? ಆದರೆ ಸೂಕ್ಷ್ಮವಾಗಿ ನೋಡಿ, ದೆತೋಚ್ಕಿನ್ ಕೂಡ ಹ್ಯಾಮ್ಲೆಟ್‌ನ ಸೋದರನೇ. ಕೆಟ್ಟ ಲೋಕವನ್ನು ಒಬ್ಬನೇ ಸರಿಪಡಿಸಲು ಹೊರಟವನು, ಮನಸ್ಸಿನಲ್ಲಿರುವುದನ್ನು ಎಲ್ಲರಿಂದ ಮುಚ್ಚಿಟ್ಟುಕೊಂಡವನು. ಅದೇ ಮುಖ, ಅದೇ ಕೇಳಿಸಿಕೊಳ್ಳುವಿಕೆ. ಪ್ರೇಕ್ಷಕ ಮಾತ್ರ ಈ ಸಲ ನಗುತ್ತಾನೆ. ಹಾಸ್ಯಕ್ಕಾಗಿ ಆತ ಒಂದೇ ಒಂದು ಮುಖ ಸೊಟ್ಟ ಮಾಡಿದ್ದನ್ನು ನಾನು ಕಾಣೆ.

1970ರಲ್ಲಿ ಮೂರು ದೊಡ್ಡ ಪಾತ್ರಗಳು ಒಟ್ಟಿಗೆ ಬಂದವು. ‘ಚೈಕೋವ್‌ಸ್ಕಿ’ ಚಿತ್ರದ ಸಂಗೀತಗಾರನ ಪಾತ್ರಕ್ಕೆ ಸ್ಪೇನಿನ ಸಾನ್ ಸೆಬಾಸ್ಟಿಯನ್ ಉತ್ಸವದಲ್ಲಿ ಅತ್ಯುತ್ತಮ ನಟ ಪ್ರಶಸ್ತಿ ಸಿಕ್ಕಿತು. ಚಿತ್ರ ಮಾತ್ರ ನನಗೆ ಭಾರ, ಮೇಣದ ಬತ್ತಿ ಮತ್ತು ವೆಲ್ವೆಟ್ಟು ಹೆಚ್ಚಾಯಿತು. ‘ಅಪರಾಧ ಮತ್ತು ಶಿಕ್ಷೆ’ಯ ತನಿಖಾಧಿಕಾರಿ ಪೊರ್ಫೀರಿ ಅದಕ್ಕಿಂತ ಮೇಲು. ಮೆತ್ತಗೆ, ಬಹುತೇಕ ಅಕ್ಕರೆಯಿಂದ, ಕೊಲೆಗಾರನನ್ನು ಮೂಲೆಗೆ ಸರಿಸುವ ಆ ಮಾತುಗಳನ್ನು ಕೇಳುವಾಗ ನಮ್ಮ ಬೆನ್ನು ತಣ್ಣಗಾಗುತ್ತದೆ. ಮೂರನೆಯದು ಚೆಕಾಫ್ ನಾಟಕವನ್ನು ಆಧರಿಸಿ ಕೊಂಚಲೋವ್‌ಸ್ಕಿ ತೆಗೆದ ಚಿತ್ರ. ಇಂಗ್ಲಿಷಿನವರು ಅಂಕಲ್ ಎಂದು ಮುಗಿಸುವಲ್ಲಿ ಕನ್ನಡಕ್ಕೆ ‘ವಾನ್ಯಾ ಮಾವ’ ಎನ್ನುವ ಅನುಕೂಲವಿದೆ, ಏಕೆಂದರೆ ಆತ ನಾಟಕದ ಸೋನ್ಯಾ ಎಂಬ ಹುಡುಗಿಯ ಸೋದರಮಾವ. ತಂಗಿ ತೀರಿಹೋದ ಮೇಲೂ ಅವಳ ಗಂಡನ ಮನೆತನಕ್ಕಾಗಿ ದುಡಿದು ಸವೆದವನು. ಈ ಸಂಬಂಧದ ಕಹಿ ನಮಗೆ ಚೆನ್ನಾಗಿ ಗೊತ್ತು. ಬದುಕು ಕೈತಪ್ಪಿ ಹೋಯಿತೆಂದು ಒಂದೇ ಕ್ಷಣದಲ್ಲಿ ಅರಿವಾದವನ ಮುಖವನ್ನು ಅಲ್ಲಿ ನೋಡಿ.

ಆತನ ಕುರಿತು ನನಗೆ ಅತಿ ಇಷ್ಟವಾದ ಎರಡು ಚಿಕ್ಕ ಸಂಗತಿಗಳಿವೆ. ಪುಷ್ಕಿನ್ ಬರೆದ ಕಿರುನಾಟಕವೊಂದರಲ್ಲಿ ಅಸೂಯೆಯಿಂದ ಬೆಂದ ಸಾಲಿಯೇರಿ, ದೇವರ ಮುದ್ದಿನ ಮೊಜಾರ್ಟ್‌ಗೆ ವಿಷವುಣಿಸುತ್ತಾನೆ. ಸ್ಮೊಕ್ತುನೊವ್‌ಸ್ಕಿ 1962ರ ಸಂಗೀತ ಚಿತ್ರದಲ್ಲಿ ಮೊಜಾರ್ಟ್ ಆಗಿದ್ದರು, 1979ರ ದೂರದರ್ಶನ ಚಿತ್ರದಲ್ಲಿ ಸಾಲಿಯೇರಿ ಆದರು. ವಿಷ ಕುಡಿದವರೂ ಅವರೇ, ಬೆರೆಸಿದವರೂ ಅವರೇ. ಎರಡನೆಯದು ಇನ್ನೂ ತಮಾಷೆ. ಆ ಮೊಜಾರ್ಟ್ ಚಿತ್ರದಲ್ಲಿ ಮುಖ ಇವರದು, ಹಾಡಿದ ಕಂಠ ಗಾಯಕ ಸೆರ್ಗೇಯ್ ಲೆಮೆಷೆವ್ ಅವರದು. ತಾರ್ಕೋವ್‌ಸ್ಕಿಯ 1975ರ ‘ಕನ್ನಡಿ’ ಚಿತ್ರದಲ್ಲಿ ಕಥೆ ಹೇಳುವವನ ಕಂಠ ಇವರದು, ಮುಖ ಎಲ್ಲಿಯೂ ಇಲ್ಲ. ಮುಖವಿಲ್ಲದೆಯೂ ಆ ಮನುಷ್ಯ ಯಾವಾಗ ಕಣ್ಣು ತಗ್ಗಿಸಿದ ಎಂದು ಕೇಳಿಯೇ ಹೇಳಬಹುದು. ಏರಿ, ನಡುವೆ ಸೀಳಿ, ವಾಕ್ಯ ಮುಗಿಯುವ ಮೊದಲೇ ಕರಗುವ ವಿಚಿತ್ರ ಕಂಠ ಅದು. ಅಭಿನಯ ಶಾಲೆಯಲ್ಲಾಗಿದ್ದರೆ ತಿದ್ದಿ ನೇರ ಮಾಡಿಬಿಡುತ್ತಿದ್ದರೋ ಏನೋ.

ರಂಗಭೂಮಿಗೆ ಮರಳಿದ್ದನ್ನೂ ಹೇಳಬೇಕು. 1973ರಲ್ಲಿ ಮಾಸ್ಕೋದ ಮಾಲಿ ರಂಗಮಂದಿರದಲ್ಲಿ ತ್ಸಾರ್ ಫ್ಯೋದೊರ್ ಆದರು, ಒಳ್ಳೆಯವನಾಗಿದ್ದೂ ಆಳಲಾರದ ದೊರೆ. 1976ರಿಂದ ಮಾಸ್ಕೋ ಆರ್ಟ್ ಥಿಯೇಟರ್. ಅಲ್ಲಿ ಚೆಕಾಫ್‌ನ ಇವಾನೊವ್‌ನಿಂದ ಹಿಡಿದು, ಬಾಯಲ್ಲಿ ದೇವರ ನಾಮ ಹಿಡಿದು ಮನೆಮಂದಿಯನ್ನೇ ತಿಂದುಹಾಕುವ ಗೊಲೊವ್ಲ್ಯೋವ್‌ವರೆಗೆ ಆಡಿದರು. ಅಲ್ಲಿನ ಮುಖ್ಯ ನಿರ್ದೇಶಕ ಒಲೆಗ್ ಯೆಫ್ರೇಮೊವ್. ಹಿಂದೆ ಕಾರು ಕಳ್ಳನನ್ನು ಹುಡುಕಿ ಹಿಡಿದ ತನಿಖಾಧಿಕಾರಿಯೂ ಇವರೇ.

ಕೊನೆಯ ವರ್ಷಗಳ ಚಿತ್ರಗಳನ್ನೆಲ್ಲ ನೋಡಲು ಹೋಗಬೇಡಿ. ಕರೆದಲ್ಲಿಗೆಲ್ಲ ಹೋಗಿ ಆಡಿದ್ದರಲ್ಲಿ ಸತ್ವವಿಲ್ಲದವು ಬೇಕಾದಷ್ಟಿವೆ. 1984ರ ‘ಸತ್ತ ಜೀವಗಳು’ ಚಿತ್ರದ ಪ್ಲ್ಯೂಷ್ಕಿನ್ ಎಂಬ ಜುಗ್ಗ ಮಾತ್ರ ಬಿಡಬಾರದ್ದು. ನೀಪರ್ ದಾಟಿದ್ದಕ್ಕೆ ಘೋಷಿಸಿದ್ದ 1943ರ ಶೌರ್ಯ ಪದಕ ಸುಮಾರು ಅರ್ಧ ಶತಮಾನದ ಬಳಿಕ, ಆತ ನಟಿಸುತ್ತಿದ್ದ ರಂಗಮಂದಿರಕ್ಕೇ ಹುಡುಕಿಕೊಂಡು ಬಂತು. 1994ರ ಆಗಸ್ಟ್ 3ರಂದು ಮಾಸ್ಕೋ ಸಮೀಪದ ಆರೋಗ್ಯಧಾಮವೊಂದರಲ್ಲಿ ಹೃದಯಾಘಾತದಿಂದ ತೀರಿಕೊಂಡರು. ನೊವೊದೆವಿಚಿ ಸ್ಮಶಾನದಲ್ಲಿ ಮಣ್ಣು ಮಾಡಿದರು.

ಇನ್ನು ನಿಮ್ಮ ತಾಲೀಮಿಗೆ ಬರೋಣ. ಹ್ಯಾಮ್ಲೆಟ್ ಹುಡುಗನಿಗೆ ಒಂದು ವಾರ ಮಾತೇ ಕೊಡಬೇಡಿ. ಉಳಿದವರು ತಮ್ಮ ಮಾತು ಒಪ್ಪಿಸಲಿ, ಅವನು ನಡುವೆ ನಿಂತು ಕೇಳಲಿ. ಅವನ ಪಾಲಿನ ಸಾಲುಗಳನ್ನು ಬೇರೆ ಯಾರಾದರೂ ಮೂಲೆಯಲ್ಲಿ ಕುಳಿತು ಮೆಲ್ಲಗೆ ಓದಲಿ. ಏಳನೆಯ ದಿನ ಕೊಳಲಿನ ದೃಶ್ಯವನ್ನು ಕೈಗೆತ್ತಿಕೊಳ್ಳಿ, ಕೊಳಲು ನಿಜವಾದದ್ದೇ ಇರಲಿ. ಆಮೇಲೆ ಎಲ್ಲರೂ ಕೂಡಿ ಆ ಹಾಸ್ಯಚಿತ್ರ ನೋಡಿ. ಅದರ ಕೊನೆಯಲ್ಲಿ ಜೈಲಿನಿಂದ ಬಂದ ದೆತೋಚ್ಕಿನ್, ಟ್ರಾಲಿಬಸ್ ಓಡಿಸುತ್ತಿರುವ ತನ್ನ ಗೆಳತಿಯ ಕಿಟಕಿಯ ಎದುರು ಬಂದು ನಿಲ್ಲುತ್ತಾನೆ. ಲ್ಯೂಬಾ, ನಾನು ಬಂದೆ ಎನ್ನುತ್ತಾನೆ, ಅಷ್ಟೇ. ಆ ಮಾತಿಗೂ ಮೊದಲಿನ ಒಂದೆರಡು ಕ್ಷಣ ಅವನ ಮುಖದಲ್ಲಿ ಏನು ನಡೆಯುತ್ತದೆಂದು ಹುಡುಗನನ್ನು ಕೇಳಿ. ಅವನು ಏನು ಹೇಳಿದನೆಂದು ನನಗೂ ಬರೆದು ತಿಳಿಸಿ.